ಕಾಯಿಸದ ತಂತಿ

ಮಾರ್ಚ್ ೧೪, ಶುಕ್ರವಾರ

ಪ್ರೀತಿಯ ಅಕ್ಕನಿಗೆ,

ನಮಸ್ಕಾರ. ನಿನ್ನ ಎರಡು ಪತ್ರಗಳೂ ತಲುಪಿವೆ. ಕೆಲಸ ಹೆಚ್ಚಿತ್ತು, ಅದಕ್ಕೇ ಬರೆಯಲಾಗಲಿಲ್ಲ ಅಂದರೆ ಅರ್ಧ ಸುಳ್ಳಾಗುತ್ತದೆ. ಬರೆಯಲು ಕೂತಾಗಲೆಲ್ಲ ‘ಅಪ್ಪನ ಕೆಮ್ಮು ಹೇಗಿದೆ?’ ಎಂಬ ನಿನ್ನ ಪ್ರಶ್ನೆ ಅಡ್ಡ ನಿಲ್ಲುತ್ತಿತ್ತು. ಪಾಪುವಿಗೆ ಹಲ್ಲು ಬಂದ ಸುದ್ದಿಯನ್ನು ಅಪ್ಪ ಎದುರಂಗಡಿಯ ಬೀಗ ರಿಪೇರಿಯವನಿಗೂ ಎರಡೆರಡು ಸಲ ಓದಿ ಹೇಳಿದ. ಅವನು ಪಾಪ, ಎರಡನೇ ಸಲವೂ ಹೊಸದಾಗಿ ಕೇಳಿದವನ ಹಾಗೆ ಬಾಯಿ ತೆರೆದ.

ಕೆಮ್ಮು ಹೆಚ್ಚಾಗಿದೆ. ಬೈಯುವ ಮುಂಚೆ ಪೂರ್ತಿ ಓದು.

ನೀನು ಮದುವೆಯಾಗಿ ಹೊರಟ ದಿನ ನನ್ನ ಕೈ ಹಿಡಿದು, ‘ಇನ್ನು ಅಪ್ಪನ ಎದೆಯೊಳಗೆ ಒಂದು ಗುಟುಕು ಹೊಗೆ ಹೋಗಬಾರದು ಕಣೇ’ ಅಂದಿದ್ದೆಯಲ್ಲ, ಅದನ್ನು ನಾನು ಒಂದು ದಿನವೂ ಮರೆತಿಲ್ಲ. ಮೂವತ್ತು ವರ್ಷ ಕಂಡವರ ಒಡವೆಗೆ ಬೆಸುಗೆ ಹಾಕಿ, ಆ ಬೆಸುಗೆಯಲ್ಲಿದ್ದ ಕ್ಯಾಡ್ಮಿಯಂ ಹೊಗೆ ಕುಡಿದು ಕುಡಿದು ಅವನ ಶ್ವಾಸಕೋಶ ಹಾಳಾಯಿತು. ಒಬ್ಬ ಮಾಲೀಕನೂ ಆ ವಿಷದ ಹೆಸರು ಹೇಳಲಿಲ್ಲ. ನನಗೆ ಹೇಳಿದ್ದು ಆಸ್ಪತ್ರೆಯ ಗೇಟಿನಲ್ಲಿ ಯಾರೋ ಕೈಗಿತ್ತ ಎಂಟು ಪುಟದ ಕರಪತ್ರ. ಅದಕ್ಕೇ ನಾನು ನಮ್ಮದೇ ಅಂಗಡಿ ತೆರೆದು ‘ಇಲ್ಲಿ ಬೆಂಕಿಯಿಲ್ಲ’ ಎಂದು ಗೋಡೆಯ ಮೇಲೆ ದಪ್ಪಕ್ಷರದಲ್ಲಿ ಬರೆದದ್ದು. ಎರಡು ತಗಡಿಗೂ ತೂತು ಕೊರೆದು, ತಂತಿಯ ತುಂಡು ತೂರಿಸಿ, ಎರಡೂ ತುದಿಗಳನ್ನು ಸಣ್ಣ ಸುತ್ತಿಗೆಯಿಂದ ಬಡಿದು ಅರಳಿಸಿದರೆ ರಿವೆಟ್ ಆಯಿತು. ಹೊಗೆಯಿಲ್ಲ, ಮುಚ್ಚುಮರೆಯಿಲ್ಲ, ಎಲ್ಲಿ ಜೋಡಿಸಿದೆ ಎಂಬುದು ಕೊಳ್ಳುವವರ ಕಣ್ಣಿಗೇ ಕಾಣುತ್ತದೆ. ಬಡಿಯುವವರು ನಾನು ಮತ್ತು ಜೊತೆಗಾತಿ ಗುಬ್ಬಿ. ಒರೆಸಿ ಡಬ್ಬಿಗೆ ಹಾಕುವುದಷ್ಟೇ ಅಪ್ಪನ ಕೆಲಸ.

ಹಾಗಿದ್ದೂ ಕೆಮ್ಮು ಯಾಕೆ? ಮೊದಲು ಸಿಗರೇಟೆಂದು ಅನುಮಾನಪಟ್ಟೆ. ಅವನ ಅಂಗಿ ಮೂಸಿದೆ, ಜೇಬು ತಡಕಿದೆ, ಬೀಗದವನನ್ನು ಅಡ್ಡಗಟ್ಟಿ ವಿಚಾರಿಸಿದೆ. ‘ಮನೆಗೊಂದು ನಾಯಿ ಸಾಕೋ ಖರ್ಚು ಉಳೀತು ನೋಡಪ್ಪಾ’ ಎಂದು ಅಪ್ಪ ಅವನೆದುರೇ ನಕ್ಕ. ನಕ್ಕಿದ್ದರ ಮೇಲೂ ನನಗೆ ಅನುಮಾನ ಬಂತು.

ಆಮೇಲೆ, ಹೋದ ಶನಿವಾರ, ಹೈಸ್ಕೂಲಿನ ಟೀಚರ್ ಬಂದರು. ನಾನು ಮಾಡಿದ ಎಲೆಯಾಕಾರದ ಕಿವಿಯೋಲೆ ಕೈಯಲ್ಲಿತ್ತು. ‘ಮೊದಲು ನೋಡೋಕೆ ಬಂದಾಗ ಎಲೆ ಚೆನ್ನಾಗಿ ತೂಗಾಡ್ತಿತ್ತು ಕಣಮ್ಮ. ಮನೆಗೆ ತಗೊಂಡು ಹೋದ್ರೆ ಸೆಟೆದುಕೊಂಡು ನಿಂತಿದೆ, ನಮ್ಮತ್ತೆ ಥರ!’

ಭೂತಗನ್ನಡಿ ಹಿಡಿದು ನೋಡಿದೆ. ರಿವೆಟ್ಟಿನ ಹಿಂಬದಿಯ ಸುತ್ತ ಕೂದಲೆಳೆಯಷ್ಟು ಬಿಳಿಚಿದ ಗೆರೆ. ಬೆಸುಗೆ! ಹಿಂದೆ ಹಾಕಿದ್ದು ಒಳಕ್ಕೆ ಹರಿದು ಎಲೆಯನ್ನೇ ಕಚ್ಚಿ ಹಿಡಿದಿತ್ತು. ನನ್ನ ಅಂಗಡಿಯಲ್ಲಿ, ಆ ಗೋಡೆಬರಹದ ಕೆಳಗೇ, ಯಾರೋ ಬೆಂಕಿ ಹಚ್ಚುತ್ತಿದ್ದರು.

ಗುಬ್ಬಿಯಲ್ಲದೆ ಇನ್ಯಾರು? ಅವಳು ಬಂದದ್ದೇ ಬೆಸುಗೆ ಅಂಗಡಿಯಿಂದ. ಮಧ್ಯಾಹ್ನ ಎರಡರಿಂದ ಐದರವರೆಗೆ ನಾನು ಪಾಲಿಶ್ ಕೆಲಸದ ಹೆಂಗಸರಿಗೆ ಕರಪತ್ರ ಓದಿ ಹೇಳಲು ಹೋಗುತ್ತೇನೆ. ಅಪ್ಪ ಹಿಂದಿನ ಕೋಣೆಯಲ್ಲಿ ಮಲಗಿರುತ್ತಾನೆ. ಗುಬ್ಬಿ ಊಟಕ್ಕೆ ಮನೆಗೆ ಹೋಗುತ್ತಾಳೆ ಎಂದು ನಂಬಿದ್ದೆ, ಹೋದದ್ದನ್ನು ಕಂಡವರ್ಯಾರು? ಅವಳು ಅತ್ತ ಹೋದಾಗ ಅವಳ ತಂತಿ ಡಬ್ಬಿ ತೆಗೆದೆ. ತಂತಿಯೆಲ್ಲ ಕಪ್ಪು, ಬೆಂಕಿಗೆ ಹಿಡಿದ ಕಪ್ಪು. ಸಿಕ್ಕಿಬಿದ್ದಳು ಅಂದುಕೊಂಡೆ. ಅವಳು ಮರಳಿದ ಕೂಡಲೇ, ಅಪ್ಪನ ಉಸಿರಿಗೆ ಮೋಸ ಮಾಡಿದವಳು ಎಂದು ಬಾಯಿಗೆ ಬಂದ ಹಾಗೆ ಅಂದೆ.

‘ಹೌದಮ್ಮಾ, ಕಾಯಿಸ್ತೀನಿ. ನಮ್ಮನೆ ಒಲೆ ಮೇಲೆ, ಅಡುಗೆ ಆದ್ಮೇಲೆ’ ಅಂದಳು. ‘ತಂತಿ ಕಾಯಿಸಿದ್ರೆ ವಿಷ ಬರಲ್ಲ, ಮೆತ್ತಗಾಗತ್ತೆ ಅಷ್ಟೆ. ಬೆಸುಗೆ ಮುಟ್ಟಿದ್ರೆ ನನ್ನ ಕೈ ಸೇದಿಹೋಗ್ಲಿ.’ ತಟ್ಟೆಯಲ್ಲಿದ್ದ ಒಡವೆಗಳನ್ನೆಲ್ಲ ಬೋರಲು ಹಾಕಿದಳು. ‘ಕಣ್ಬಿಟ್ಟು ನೋಡು. ನಾನು ಬಡಿದದ್ರಲ್ಲಿ ಒಂದಕ್ಕಾದ್ರೂ ಬೆಸುಗೆ ಇದ್ಯಾ? ಬೆಸುಗೆ ಇರೋದೆಲ್ಲ ನೀನು ಬಡಿದದ್ರಲ್ಲೇ. ಯಾಕೆ ಕರಪತ್ರದಮ್ಮಾ, ಇದು ಎಷ್ಟನೇ ಪುಟದಲ್ಲಿದೆ ಓದಿ ಹೇಳಲ್ವಾ?’ ಏಪ್ರನ್ ಬಿಚ್ಚಿ ಮೇಜಿನ ಮೇಲೆ ಬಿಸಾಕಿ ಹೋದಳು.

ಅವಳು ಹೇಳಿದ್ದು ನಿಜ. ಎಳೆದ ತಂತಿ ಗಡಸಾಗಿರುತ್ತದೆ. ಕೆಂಪಗೆ ಕಾಯಿಸಿ ಆರಿಸಿಕೊಳ್ಳದೆ ಬಡಿದರೆ ತುದಿ ಅರಳುವುದಿಲ್ಲ, ಸೀಳುತ್ತದೆ, ವಾರದೊಳಗೆ ಸಡಿಲವಾಗುತ್ತದೆ. ಅಪ್ಪ ಮೊದಲ ದಿನವೇ ಹೇಳಿದ್ದ. ಸ್ವಲ್ಪ ಬೆಂಕಿ, ಜಾಸ್ತಿ ಬೆಂಕಿ ಅಂತೆಲ್ಲ ಇಲ್ಲ, ಬೆಂಕಿಯೆಂದರೆ ಬೆಂಕಿಯೇ ಎಂದು ನಾನು ಅವನ ಬಾಯಿ ಮುಚ್ಚಿಸಿದ್ದೆ. ಆದರೂ ನನ್ನ ಒಡವೆ ಒಂದೂ ಕಳಚಿ ವಾಪಸು ಬಂದಿರಲಿಲ್ಲ. ಅದನ್ನು ನನ್ನ ಕೈಗುಣವೆಂದು ತಿಳಿದಿದ್ದೆ.

ಸೋಮವಾರ ಪಾಲಿಶ್ ಹೆಂಗಸರಿಗೆ ಕೆಲಸ ಜಾಸ್ತಿಯಿತ್ತು, ಓದು ನಡೆಯಲಿಲ್ಲ. ಮೂರಕ್ಕೇ ಹಿಂತಿರುಗಿದೆ. ಅಂಗಡಿಗೆ ಒಳಗಿನಿಂದ ಚಿಲಕ. ಅಂಥ ಸೆಕೆಯಲ್ಲೂ ಕಿಟಕಿಗಳೆಲ್ಲ ಮುಚ್ಚಿದ್ದವು. ಬಾಗಿಲ ಸಂದಿಯಲ್ಲಿ ಕಣ್ಣಿಟ್ಟೆ. ಅಪ್ಪ ಮೂಗಿಗೆ ಒದ್ದೆ ಬಟ್ಟೆ ಕಟ್ಟಿಕೊಂಡು, ಬಾಯಲ್ಲಿ ಊದುಗೊಳವೆ ಹಿಡಿದು, ದೀಪದ ಉರಿಯನ್ನು ನನ್ನ ಒಂದು ಪದಕದ ರಿವೆಟ್ಟಿನ ಮೇಲೆ ಊದುತ್ತಿದ್ದ. ಊದುವುದು, ಕೆಮ್ಮುವುದು, ಕೆಮ್ಮು ಇಳಿಯುವವರೆಗೆ ಕಾಯುವುದು, ಮತ್ತೆ ಊದುವುದು. ಕಿಟಕಿ ಯಾಕೆ ಮುಚ್ಚಿದ್ದ ಗೊತ್ತೇ? ವಾಸನೆ ಬೀದಿಗೆ ಹೋದರೆ ನಾನು ಗೋಡೆಯ ಮೇಲೆ ಬರೆದದ್ದು ಸುಳ್ಳಾಗುತ್ತದಲ್ಲ, ಅದಕ್ಕೆ. ಹೊಗೆಯನ್ನೆಲ್ಲ ತಾನೇ ಕುಡಿಯುತ್ತಿದ್ದ.

ನಾನು ಬಾಗಿಲು ಬಡಿಯಲಿಲ್ಲ ಅಕ್ಕಾ. ಬೀದಿಯ ತುದಿಗೆ ಹೋಗಿ ನಿಂತೆ.

ಮಂಗಳವಾರ ಬೆಳಿಗ್ಗೆ ಗುಬ್ಬಿಯ ಮನೆಗೆ ಹೋಗಿ ತಪ್ಪಾಯಿತು ಅಂದೆ. ‘ತಪ್ಪಾಯ್ತು ಅಂತ ಬಾಯಲ್ಲಿ ಹೇಳಿದ್ರೆ ಸಾಲ್ದು. ಎರಡು ಪುಟ ಅಚ್ಚು ಹಾಕ್ಸಿ ಹಂಚು’ ಎಂದು ಬೈದು, ಒಲೆಯ ಮುಂದೆ ಕೂರಿಸಿ, ತಂತಿ ಯಾವ ಕೆಂಪಿಗೆ ಬಂದಾಗ ತೆಗೆಯಬೇಕೆಂದು ತೋರಿಸಿಕೊಟ್ಟಳು. ಈಗ ನನ್ನ ರಿವೆಟ್ಟುಗಳು ಅರಳುತ್ತಿವೆ. ನಾನು ನೋಡಿದ್ದು ಅಪ್ಪನಿಗೆ ಇನ್ನೂ ಗೊತ್ತಿಲ್ಲ. ಸಾಧ್ಯವಾದರೆ ನಾಲ್ಕು ದಿನ ಬಂದು ಹೋಗು. ನೀನು ಹೇಳಿದರೆ ಅವನು ಡಾಕ್ಟರ ಹತ್ತಿರ ಬಂದಾನು.

ಭಾವನಿಗೆ ನಮಸ್ಕಾರ. ಪಾಪುವಿನ ಹೊಸ ಹಲ್ಲಿಗೆ ನನ್ನದೊಂದು ಮುತ್ತು. ಅವಳು ಯಾರಿಗೂ ಹೆದರದೆ, ಗಟ್ಟಿ ಉಸಿರಿನವಳಾಗಿ ಬೆಳೆಯಲಿ.

ನಿನ್ನ ತಂಗಿ

ಮರೆತದ್ದಲ್ಲ, ಮೇಲೆ ಬರೆಯಲಾಗದೆ ಬಿಟ್ಟದ್ದು: ಪಾಲಿಶ್ ಹೆಂಗಸರ ಸಂಘಕ್ಕೆ ಎದೆಗೆ ಸಿಕ್ಕಿಸುವ ಇಪ್ಪತ್ತನಾಲ್ಕು ಬಿಲ್ಲೆಗಳನ್ನು ನಿನ್ನೆ ಕೊಡಬೇಕಿತ್ತು. ಎಲ್ಲವನ್ನೂ ಹಿಂದಿನ ವಾರವೇ ಕಾಯಿಸದ ಗಡಸು ತಂತಿಯಲ್ಲಿ ಬಡಿದಿಟ್ಟಿದ್ದೆ. ಬಿಚ್ಚಿ ಮತ್ತೆ ಬಡಿಯಲು ಎರಡು ದಿನ ಕೇಳಿದ್ದರೆ ಅವರು ಕೊಡುತ್ತಿದ್ದರು. ನನ್ನ ಕೆಲಸ ಸರಿಯಿಲ್ಲ ಎಂದು ಅವರೆದುರು ಹೇಳಲು ಬಾಯಿ ಬರಲಿಲ್ಲ. ಬುಧವಾರ ಮಧ್ಯಾಹ್ನ ಅಷ್ಟನ್ನೂ ಅಪ್ಪನ ಮುಂದಿಟ್ಟು, ‘ಓದೋಕೆ ಹೋಗ್ತೀನಿ, ಐದಕ್ಕೆ ಬರ್ತೀನಿ’ ಎಂದು ಎರಡು ಸಲ ಹೇಳಿದೆ. ಅವತ್ತು ಓದು ಇರಲಿಲ್ಲ. ಐದರವರೆಗೆ ಬಸ್‌ಸ್ಟ್ಯಾಂಡಿನ ಬೆಂಚಿನ ಮೇಲೆ ಕೂತಿದ್ದೆ. ಬಂದು ಒಂದೊಂದನ್ನೂ ಬೆರಳಲ್ಲಿ ಅಲುಗಿಸಿ ನೋಡಿದೆ, ಎಲ್ಲವೂ ಗಟ್ಟಿಯಾಗಿದ್ದವು. ಅಪ್ಪ ಗೋಡೆಗೊರಗಿ ಉಸಿರು ಹಿಡಿಯುತ್ತಿದ್ದ. ‘ನಿನ್ನ ಕೈ ಕುದುರ್ತಿದೆ ಮಗಳೇ’ ಅಂದ. ನಾನು ಹೂಂ ಅಂದೆ.