ಅಕ್ಕನ ಅಂಗೈ

ಮಾರ್ಚ್ ೧೧, ಬುಧವಾರ

ಹೊಸ ಆಲ್ಬಮ್ ಬಂತು. ಹತ್ತೊಂಬತ್ತು ವರ್ಷದಿಂದ ಈ ಬ್ಯಾಂಡಿನಲ್ಲಿ ಬೇಸ್ ಗಿಟಾರ್ ನುಡಿಸುತ್ತಿದ್ದೇನೆ. ಕವರಿನ ಮೇಲೆ ನನ್ನ ಹೆಸರೂ ಇದೆ. ಬೆಳಿಗ್ಗೆ ನಮ್ಮ ಗಾಯಕ ಫೋನ್ ಮಾಡಿದ್ದ.

"ಬೇಜಾರ್ ಮಾಡ್ಕೋಬೇಡ ಕಣೋ. ನಿನ್ನ ಬೇಸ್ ತೆಗೆದು ಆ ಜಾಗಕ್ಕೆ ಕೀಬೋರ್ಡ್ ಹಾಕಿದೀವಿ. ಯಾರಿಗೂ ಗೊತ್ತಾಗಲ್ಲ."

"ಆಯ್ತು" ಅಂದೆ. ಆಮೇಲೆ ಬಟ್ಟೆ ಒಣಹಾಕಿದೆ.

ಸಂಜೆ ಅಕ್ಕ ಬಂದಳು. ಉಳಿದ ವಾದ್ಯಗಳ ನಡುವೆ ನನ್ನ ಬೇಸಿನ ತಗ್ಗು ದನಿ ಅವಳ ಕಿವಿಗೆ ಎಂದೂ ಸಿಕ್ಕಿದ್ದಿಲ್ಲ. ಪ್ರತಿ ಆಲ್ಬಮ್ ಬಂದಾಗಲೂ ಸ್ಪೀಕರಿನ ಮೇಲೆ ಅಂಗೈ ಇಟ್ಟು ಅದರ ಅದುರಿನಲ್ಲಿ ನನ್ನನ್ನು ಹುಡುಕುತ್ತಾಳೆ. ಇವತ್ತೂ ಇಟ್ಟಳು.

"ಇಲ್ಲೇ ಇದೀಯ ನೋಡು. ಈ ಸಲ ತುಂಬಾ ಚೆನ್ನಾಗಿ ನುಡಿಸಿದೀಯ ಕಣೋ."

"ಹೂಂ" ಅಂದೆ.

ಅವಳು ಹೋದ ಮೇಲೆ ನಾನೂ ಅಂಗೈ ಇಟ್ಟು ನೋಡಿದೆ. ಪೆಟ್ಟಿಗೆ ಅದುರುತ್ತಿತ್ತು, ಅಷ್ಟೇ. ಹಾಡು ಮುಗಿಯಿತು. ಕೈ ತೆಗೆಯಬೇಕು ಅಂತಲೂ ಅನ್ನಿಸಲಿಲ್ಲ.