ಬೋರಲು ಬಿದ್ದಿದ್ದ ಕಲ್ಲು

ಅತ್ತಿಗುಪ್ಪೆ
೯-೧೧-೧೯೮೬, ಭಾನುವಾರ

ಪ್ರೀತಿಯ ಯಶೋದಕ್ಕ,

ಈ ಬೆಳಿಗ್ಗೆ ನಮ್ಮ ಬಟ್ಟೆ ಒಗೆಯುವ ಕಲ್ಲಿನ ಅಡಿಯಲ್ಲಿ ಒಂದು ಹಸುವಿನ ಕಿವಿ ಕಂಡಿತು. ನಿನ್ನ ಎರಡು ಕಾಗದಕ್ಕೂ ಉತ್ತರ ಬರೆಯದವಳು ಈ ಸುದ್ದಿ ಹೇಳಲೆಂದೇ ಕೂತಿದ್ದೇನೆ, ಬೈಯಬೇಡ.

ನಲ್ಲಿ ಪೈಪ್ ಹಾಕಲು ಬಂದವರು ಕಲ್ಲನ್ನು ಮಗುಚಿದ್ದರು. ಮಣ್ಣು ತೊಳೆದರೆ ಕಿವಿಯ ಜೊತೆಗೆ ಇಡೀ ಹಸು, ಅದರ ಮುಂದೆ ಕತ್ತಿ ಹಿಡಿದ ಗಂಡಸು. ವೀರಗಲ್ಲು! ನಮ್ಮ ಮನೆ ಮಾಲೀಕರು ಮುನಿತಾಯಮ್ಮ ಬಾಯಿ ಮೇಲೆ ಕೈ ಇಟ್ಟುಕೊಂಡರು.

"ಅಯ್ಯೋ, ನಮ್ಮ ವಂಶದ ದೊಡ್ಡಹನುಮಯ್ಯ! ದನ ಹೊಡ್ಕೊಂಡು ಹೋಗೋರ ಜೊತೆ ಕಾದಾಡಿ ಸತ್ತೋನು. ಹೊಲ ಲೇಔಟ್ ಆದಾಗ ಯಾರಾದ್ರೂ ಎತ್ಕೊಂಡು ಹೋದಾರು ಅಂತ ನಮ್ಮ ಮಾವನೋರು ಬೋರಲು ಹಾಕಿದ್ರು. ಎಲ್ಲಿ ಅಂತ ಹೇಳ್ದೇನೇ ಹೋಗ್ಬಿಟ್ರು. ಇಷ್ಟು ವರ್ಷ ಅವನ ಬೆನ್ನ ಮೇಲೇ ಬಟ್ಟೆ ಒಗ್ದಿದೀವಲ್ಲವ್ವಾ!"

ಮಧ್ಯಾಹ್ನ ಲೈಬ್ರರಿಯಲ್ಲಿ ಸಭೆಯಿತ್ತು. ಐತಿಹಾಸಿಕ ಕಾದಂಬರಿಯಲ್ಲಿ ನಾಡಿನ ಚಿತ್ರ ಎಂಬ ವಿಷಯ. ನಾನು ಎಂದಿನಂತೆ ಬಾಗಿಲ ಪಕ್ಕದ ಬೆಂಚಿನಲ್ಲಿ. ರಿಟೈರ್ಡ್ ಮೇಷ್ಟ್ರು ಪಂಚಾಕ್ಷರಿಯವರು, "ರಾಜರಿಲ್ದೆ ಚರಿತ್ರೆ ಎಲ್ಲಿದೆ ಹೇಳಿ? ಅರಮನೆ ತೆಗೆದುಬಿಟ್ರೆ ಉಳಿಯೋದು ಬರೀ ದನ ಕಾಯೋರು!" ಎಂದು ಎಲ್ಲರನ್ನೂ ನಗಿಸಿದರು.

ನಾನು ಎದ್ದು ನಿಂತುಬಿಟ್ಟಿದ್ದೆ, ಅಕ್ಕ! "ಸಾರ್, ಅವರಲ್ಲೊಬ್ರು ನಮ್ಮ ಹಿತ್ತಲಲ್ಲಿದಾರೆ," ಎಂದೆ. ಕಲ್ಲಿನ ಕಥೆ ಹೇಳಿದೆ. ಕಾದಂಬರಿಗಳಲ್ಲಿ ರಾಜ ಯುದ್ಧ ಗೆಲ್ಲುತ್ತಾನೆ. ದನ ಕಳೆದುಕೊಂಡ ಹಟ್ಟಿಯಲ್ಲಿ ಮಾರನೆಯ ದಿನ ಮಕ್ಕಳಿಗೆ ಹಾಲಿತ್ತೇ ಎಂದು ನಾನು ಎಲ್ಲಿಯೂ ಓದಿಲ್ಲ, ಆ ಹಟ್ಟಿಯೂ ನಾಡೇ ಅಲ್ಲವೇ ಎಂದು ಕೇಳಿದೆ.

ಯಾರೂ ನಗಲಿಲ್ಲ. ಮೇಷ್ಟ್ರು ಕನ್ನಡಕ ತೆಗೆದು, "ನಡೀರಿ, ಮೊದ್ಲು ಅವರನ್ನ ನೋಡ್ಕೊಂಡು ಬರೋಣ," ಎಂದರು. ಮೂವತ್ತು ಜನ ನಮ್ಮ ಹಿತ್ತಲಿಗೆ! ಮುನಿತಾಯಮ್ಮ ಆಗಲೇ ಕಲ್ಲು ನಿಲ್ಲಿಸಿ ಅರಿಶಿನ ಕುಂಕುಮ ಹಚ್ಚಿದ್ದರು. "ಇನ್ಮೇಲೆ ಬಟ್ಟೆ ಎಲ್ಲಿ ಒಗೀತೀಯೋ ನೋಡ್ಕೊ," ಎಂದು ನನ್ನನ್ನೇ ಗದರಿದರು. ಹಿಂದೊಮ್ಮೆ ನಾನೇ ಜಂಬದಿಂದ ಹೇಳಿದ್ದನ್ನು ನೆನಪಿಟ್ಟುಕೊಂಡಿದ್ದ ಮೇಷ್ಟ್ರು ಎಲ್ಲರೆದುರು, "ಹೈಸ್ಕೂಲಲ್ಲೇ ಐತಿಹಾಸಿಕ ಕಥೆಗೆ ಬಹುಮಾನ ತಗೊಂಡ ಹುಡುಗಿ ಕಣ್ರೀ. ಮುಂದಿನ ಭಾನುವಾರ ಆ ಕಥೆ ಓದಮ್ಮ," ಎಂದರು. ಚಪ್ಪಾಳೆ ಬೀದಿಯವರೆಗೂ ಕೇಳಿತಂತೆ.

ಭಾವನಿಗೆ ನಮಸ್ಕಾರ. ಪುಟ್ಟಿ ನೂರು ಕಾಲ ನಗುತ್ತಿರಲಿ.

ನಿನ್ನ ತಂಗಿ,
ವಿಮಲಾಕ್ಷಿ

ತಾ.ಕ.: ಆ ಕಥೆ ನಿನ್ನದು. ನಿನ್ನನ್ನು ಸ್ಕೂಲು ಬಿಡಿಸಿದ ವರ್ಷ ನಿನ್ನ ನೋಟ್‌ಬುಕ್ಕಿನಿಂದ ನಕಲು ಮಾಡಿ ನನ್ನ ಹೆಸರು ಬರೆದೆ. ಬಹುಮಾನದ ದಿನ ನೀನೇ ನನಗೆ ಜಡೆ ಹಾಕಿದೆ. ಯಾವ ಕಥೆಯೆಂದು ನೀನು ಇವತ್ತಿನವರೆಗೂ ಕೇಳಿಲ್ಲ. ಭಾನುವಾರ ಓದುತ್ತೇನೆ. ಬರೆದವಳು ನನ್ನ ಅಕ್ಕ ಯಶೋದಾ ಎಂದು ಹೇಳಿಯೇ ಶುರು ಮಾಡುತ್ತೇನೆ.