ಐನೂರನೆಯ ಹಿಟ್

ಪರ್ತ್, ಭಾನುವಾರ

ಪ್ರೀತಿಯ ರಾಯ್ಸ್ಟನ್,

ನಮ್ಮ ಬೇಸ್‌ಬಾಲ್ ಕ್ಲಬ್ಬಿನ ಬೋರ್ಡಿನಲ್ಲಿ ಈಗಲೂ ನಿನ್ನ ಹೆಸರೇ ಮೇಲಿದೆ: ನಾನೂರ ತೊಂಬತ್ತೊಂಬತ್ತು ಹಿಟ್. ಐನೂರನೆಯದನ್ನು ಸ್ಕೋರರ್ ಆಗಿದ್ದ ನಾನೇ ಕೊಡಲಿಲ್ಲ. “ಸ್ವಂತ ಮಗನಿಗೆ ಒಂದು ಹಿಟ್ ಕೊಡೋಕಾಗ್ಲಿಲ್ವಾ ಮಮ್ಮಿ?” ಎಂದು ಕೇಳಿ ಬ್ರಿಸ್ಬೇನ್‌ಗೆ ಹೋದವನು ಮೂರು ವರ್ಷವಾದರೂ ಫೋನ್ ಮಾಡಿಲ್ಲ.

ಆ ಕೊನೆಯ ಹೊಡೆತದ ವಿಡಿಯೊ ಮೊನ್ನೆಯೂ ನೋಡಿದೆ. ಚೆಂಡು ಫೀಲ್ಡರ್ ಕೈಗೆ ಸಲೀಸಾಗಿ ಬಂದು ಜಾರಿತ್ತು. ಅದು ಪುಸ್ತಕದಲ್ಲಿ ಅವನ ತಪ್ಪಿನ ಲೆಕ್ಕಕ್ಕೆ ಹೋಗುತ್ತದೆ, ನಿನ್ನ ಹಿಟ್ ಲೆಕ್ಕಕ್ಕಲ್ಲ. ಇವತ್ತು ಕೇಳಿದರೂ ಹಾಗೇ ಬರೆಯುತ್ತೇನೆ.

ಮುಂದಿನ ತಿಂಗಳು ಅಡಿಲೇಡ್‌ನಲ್ಲಿ ನಿಮ್ಮ ತಂಡದ ಆಟವಿದೆಯಂತೆ. ಟಿಕೆಟ್ ತೆಗೆದಿದ್ದೇನೆ. ಬೇಡವೆಂದರೆ ತಿಳಿಸು, ಬರುವುದಿಲ್ಲ. ಬಂದರೆ ಹಿಂದಿನ ಸಾಲಿನಲ್ಲಿ ಕೂರುತ್ತೇನೆ. ಸ್ಕೋರ್ ಪುಸ್ತಕವನ್ನು ಕ್ಲಬ್ಬಿಗೆ ಕೊಟ್ಟುಬಿಟ್ಟೆ. ಹದಿನಾರು ವರ್ಷ ನೀನು ಹೊಡೆದಾಗಲೆಲ್ಲ ನನ್ನ ಕೈಯಲ್ಲಿ ಪೆನ್ಸಿಲ್ ಇತ್ತು. ಒಮ್ಮೆಯೂ ಚಪ್ಪಾಳೆ ತಟ್ಟಿಲ್ಲ.

ನಿನ್ನ ಮಮ್ಮಿ,
ಪರ್ಪೆಚುವಾ